ಜೂಲಿಯೆನ್ ಮಾತ್ಯೂ: ಬಣ್ಣ ಬಲ್ಲ ಕೈ, ಅಲ್ಲಾಡದ ಮೈ

ಸ್ಪೇನಿನ ಮೂಕಿ ಚಿತ್ರಗಳ ಆರಂಭದ ಬಗ್ಗೆ ಯಾರು ಬರೆದರೂ ಸೆಗುಂದೊ ದೆ ಚೊಮೋನ್ ಹೆಸರು ಬಂದೇ ಬರುತ್ತದೆ. 1871ರಲ್ಲಿ ಅರಗೋನ್ ಸೀಮೆಯ ತೆರುಯೆಲ್ ಪಟ್ಟಣದಲ್ಲಿ ಹುಟ್ಟಿದ ಈತ ಕ್ಯಾಮೆರಾದ ಚಮತ್ಕಾರಗಳಿಗೆ ಹೆಸರಾದವನು. ಕುರ್ಚಿ ತಾನೇ ನಡೆಯುತ್ತದೆ, ಚಾಕು ತಾನೇ ಬ್ರೆಡ್ ಕೊಯ್ಯುತ್ತದೆ, ಬಾಟಲಿಯೊಳಗೆ ಹೆಂಗಸರು ನಿಂತಿರುತ್ತಾರೆ. ಈ ಚಿತ್ರಗಳನ್ನು ನಾಲ್ಕಾರು ಒಟ್ಟಿಗೆ ನೋಡಿದರೆ ಒಂದೇ ಮುಖ ಮತ್ತೆ ಮತ್ತೆ ಎದುರಾಗುತ್ತದೆ. ಅದು ಜೂಲಿಯೆನ್ ಮಾತ್ಯೂ, ಚೊಮೋನ್‌ನ ಹೆಂಡತಿ. ಹುಟ್ಟಿನಿಂದ ಫ್ರೆಂಚಳು, ಕೆಲಸದಿಂದ ಪ್ಯಾರಿಸ್, ಬಾರ್ಸಿಲೋನಾ ಎರಡಕ್ಕೂ ಸೇರಿದವಳು. ಆಕೆಯ ಬಗ್ಗೆ ಬರೆದದ್ದೆಲ್ಲ ಬಹುಮಟ್ಟಿಗೆ ಗಂಡನ ಬಗೆಗಿನ ಲೇಖನಗಳ ನಡುವೆ ಒಂದೆರಡು ಸಾಲಾಗಿ ಮುಗಿದುಹೋಗಿದೆ. ಆದರೆ ಈ ಚಿತ್ರಗಳು ಹೇಗೆ ತಯಾರಾದವು ಎಂದು ಹಂತಹಂತವಾಗಿ ಬಿಡಿಸಿ ನೋಡಿದರೆ, ಅರ್ಧ ಕೆಲಸ ಆಕೆಯ ಮೈಮೇಲೆ ನಡೆದಿದೆ ಎನ್ನುವುದು ಸ್ಪಷ್ಟವಾಗುತ್ತದೆ.

ಆಕೆ ಹುಟ್ಟಿದ್ದು 1874ರಲ್ಲಿ. ಪ್ಯಾರಿಸ್ಸಿನ ರಂಗಭೂಮಿಯಲ್ಲಿ ನಟಿಯಾಗಿದ್ದಾಗ, 1890ರ ದಶಕದ ನಡುವಿನಲ್ಲಿ, ಚೊಮೋನ್ ಪರಿಚಯವಾಯಿತು. 1897ರಲ್ಲಿ ಮಗ ರೋಬೆರ್ ಹುಟ್ಟಿದ. ಚೊಮೋನ್ ಸೈನ್ಯದ ಕೆಲಸಕ್ಕೆಂದು ಕ್ಯೂಬಾಕ್ಕೆ ಹೋಗಿ, ಯುದ್ಧ ಮುಗಿದ ಮೇಲೆ ಮರಳಿದ. ಚಿತ್ರಗಳಿಗೆ ಬಣ್ಣ ಹಾಕುವ ಕಾರ್ಖಾನೆಯ ಕೆಲಸ ಜೂಲಿಯೆನ್‌ಗೆ ಗೊತ್ತಿತ್ತು, ಆಕೆಯ ಮೂಲಕವೇ ಚೊಮೋನ್ ಸಿನಿಮಾಕ್ಕೆ ಬಂದ ಎಂದು ಆತನ ಜೀವನಚರಿತ್ರೆ ಬರೆದವರು ಹೇಳುತ್ತ ಬಂದಿದ್ದಾರೆ. ಇಪ್ಪತ್ತನೆಯ ಶತಮಾನ ಶುರುವಾಗುತ್ತಿದ್ದಂತೆ ಇಬ್ಬರೂ ಬಾರ್ಸಿಲೋನಾಕ್ಕೆ ಬಂದರು. ಅಲ್ಲಿ ತೆರೆದದ್ದು ಚಿತ್ರೀಕರಣದ ಸ್ಟುಡಿಯೋ ಅಲ್ಲ, ಬಣ್ಣದ ಕಾರ್ಖಾನೆ. ಫ್ರಾನ್ಸಿನ ಪಾಥೆ ಕಂಪನಿಯ ಚಿತ್ರಗಳಿಗೆ ಬಣ್ಣ ಹಾಕುವುದು, ಸ್ಪ್ಯಾನಿಷ್ ಶೀರ್ಷಿಕೆ ಸೇರಿಸುವುದು, ಇದು ಮೊದಲ ಜೀವನೋಪಾಯ. ಆಟಿಕೆಯಂಥ ಸಣ್ಣ ರೈಲುಗಳನ್ನು ಡಿಕ್ಕಿ ಹೊಡೆಸಿ ತೆಗೆದ ರೈಲು ಅಪಘಾತದ ಚಿತ್ರವೆಲ್ಲ ಆಮೇಲಿನದು.

ಬಣ್ಣದ ಕೆಲಸವನ್ನು ಇಲ್ಲಿ ಸ್ವಲ್ಪ ವಿವರವಾಗಿ ಹೇಳಬೇಕು, ಏಕೆಂದರೆ ಜೂಲಿಯೆನ್ ತೆರೆಯ ಮೇಲೆ ನಿಲ್ಲುವ ರೀತಿಗೂ ಇದಕ್ಕೂ ನೇರ ಸಂಬಂಧವಿದೆ.

ಆಗಿನ ಫಿಲ್ಮು ಈಗಿನಂತೆಯೇ 35 ಮಿಲಿಮೀಟರ್ ಅಗಲ. ಒಂದು ಫ್ರೇಮು, ಅಂದರೆ ಒಂದು ಬಿಡಿ ಚಿತ್ರ, ಸುಮಾರು 24 ಮಿಲಿಮೀಟರ್ ಅಗಲ, 18 ಮಿಲಿಮೀಟರ್ ಎತ್ತರ. ಒಂದು ಮೀಟರ್ ಫಿಲ್ಮಿನಲ್ಲಿ ಐವತ್ತೆರಡು ಚಿಲ್ಲರೆ ಫ್ರೇಮುಗಳು. ನೂರು ಮೀಟರ್ ಚಿತ್ರದಲ್ಲಿ ಸುಮಾರು 5,250. ನಟಿ ಅಡಿಯಿಂದ ಮುಡಿಯವರೆಗೆ ಕಾಣುವಂತೆ ನಿಂತು ಫ್ರೇಮಿನ ಮೂರನೇ ಎರಡು ಭಾಗ ತುಂಬಿದರೆ ಆಕೆಯ ಇಡೀ ದೇಹ 12 ಮಿಲಿಮೀಟರ್. ತಲೆ ಒಂದೂವರೆ ಮಿಲಿಮೀಟರ್ ಚಿಲ್ಲರೆ. ಅಷ್ಟು ಜಾಗದಲ್ಲಿ ಕೆನ್ನೆಯನ್ನು ಬಿಟ್ಟು ಮುಡಿಯ ರಿಬ್ಬನ್ನಿಗೆ ಮಾತ್ರ ಬಣ್ಣ ಹಚ್ಚಬೇಕು. ಅದೂ ಮುಂದಿನ ಫ್ರೇಮಿನಲ್ಲಿ, ಅದರ ಮುಂದಿನದರಲ್ಲಿ, ಅದೇ ಅಂಚಿಗೆ ಸರಿಯಾಗಿ.

ಕೆಲಸ ನಡೆಯುತ್ತಿದ್ದುದು ಹೀಗೆ. ಕಪ್ಪು-ಬಿಳುಪು ಪ್ರಿಂಟನ್ನು ಕೆಳಗಿನಿಂದ ಬೆಳಕು ಬೀಳುವ ಮೇಜಿನ ಮೇಲೆ, ಎಮಲ್ಷನ್, ಅಂದರೆ ಚಿತ್ರ ಮೂಡುವ ಜೆಲಟಿನ್ ಲೇಪ, ಇರುವ ಮಗ್ಗುಲು ಮೇಲಾಗಿ ಹಾಯಿಸುತ್ತಾರೆ. ಭೂತಗನ್ನಡಿಯ ಕೆಳಗೆ ಒಂದೊಂದೇ ಫ್ರೇಮು ಬಂದು ನಿಲ್ಲುತ್ತದೆ. ಬಣ್ಣವೆಂದರೆ ಅನಿಲಿನ್ ಬಣ್ಣ, ನೀರಿನಲ್ಲಿ ಅಥವಾ ಆಲ್ಕೋಹಾಲ್ ಬೆರೆಸಿದ ನೀರಿನಲ್ಲಿ ಕರಗಿಸಿದ್ದು. ತೆಳ್ಳನೆಯ ಕುಂಚದ ತುದಿಯಲ್ಲಿ ಅದನ್ನು ತೆಗೆದುಕೊಂಡು ತಾಗಿಸಿದರೆ ಜೆಲಟಿನ್ ಹೀರಿಕೊಳ್ಳುತ್ತದೆ. ಒಬ್ಬಳು ಒಂದೇ ಬಣ್ಣ ಹಚ್ಚುತ್ತಾಳೆ. ಆಕೆಯ ಹಳದಿ ಮುಗಿದು ಒಣಗಿದ ಮೇಲೆ ರೀಲು ಪಕ್ಕದ ಮೇಜಿಗೆ, ಕೆಂಪು ಹಚ್ಚುವವಳ ಕೈಗೆ. ಒಂದು ಫ್ರೇಮಿಗೆ ಅರ್ಧ ನಿಮಿಷವೆಂದು ಲೆಕ್ಕ ಹಿಡಿದರೂ ನೂರು ಮೀಟರಿಗೆ ಒಂದು ಬಣ್ಣ ಹಾಕಲು ಸುಮಾರು 44 ಗಂಟೆ. ನಾಲ್ಕು ಬಣ್ಣವಿದ್ದರೆ ಅದರ ನಾಲ್ಕರಷ್ಟು. ಇದು ಒಂದು ಪ್ರಿಂಟಿನ ಕಥೆ. ಹತ್ತು ಊರಿಗೆ ಹತ್ತು ಪ್ರಿಂಟು ಬೇಕಾದರೆ ಎಲ್ಲವನ್ನೂ ಮೊದಲಿನಿಂದ ಮಾಡಬೇಕು. ಚಮತ್ಕಾರದ ಚಿತ್ರಗಳಿಗೆ ಹೆಸರಾದ ಫ್ರೆಂಚ್ ನಿರ್ದೇಶಕ ಜಾರ್ಜ್ ಮೆಲಿಯೆಸ್‌ನ ಚಿತ್ರಗಳಿಗೆ ಬಣ್ಣ ಹಾಕಿಸುತ್ತಿದ್ದ ಎಲಿಸಬೆತ್ ತ್ಯುಯಿಲ್ಯೆ ಎಂಬಾಕೆಯ ಪ್ಯಾರಿಸ್ ಕಾರ್ಖಾನೆಯಲ್ಲಿ ಇನ್ನೂರಕ್ಕೂ ಹೆಚ್ಚು ಹೆಂಗಸರಿದ್ದರು. ಅವರಲ್ಲಿ ಬಹುಪಾಲು ಯಾರ ಹೆಸರೂ ಉಳಿದಿಲ್ಲ.

ಕೆಡುವುದು ಎಲ್ಲೆಲ್ಲಿ ಎನ್ನುವುದನ್ನೂ ನೋಡಬೇಕು. ಕುಂಚದಲ್ಲಿ ನೀರು ಹೆಚ್ಚಾದರೆ ಜೆಲಟಿನ್ ಉಬ್ಬಿ ಬಣ್ಣ ಅಂಚು ದಾಟಿ ಹರಡುತ್ತದೆ. ಒಂದು ಫ್ರೇಮಿನಲ್ಲಿ ಹರಡಿದರೆ ತೆರೆಯ ಮೇಲೆ ಒಂದು ಚುಕ್ಕೆ ಮಿಂಚಿ ಮಾಯವಾಗುತ್ತದೆ. ಪ್ರತಿ ಫ್ರೇಮಿನಲ್ಲೂ ಅಂಚು ಕೂದಲೆಳೆಯಷ್ಟು ಅತ್ತಿತ್ತ ಆದರೆ ಬಣ್ಣ ಬಟ್ಟೆಯ ಮೇಲೆ ಕೂರದೆ ಕುದಿಯುತ್ತಿರುವಂತೆ ಕಾಣುತ್ತದೆ. ನೀರು ಕಡಿಮೆಯಾದರೆ ಕುಂಚದ ಗೆರೆ ಉಳಿಯುತ್ತದೆ. ಒಣಗುವ ಮೊದಲು ಸುತ್ತಿದರೆ ಒಂದು ಸುತ್ತಿನ ಬಣ್ಣ ಇನ್ನೊಂದರ ಬೆನ್ನಿಗೆ ಹತ್ತುತ್ತದೆ. ಬೇಗ ಒಣಗಲೆಂದು ಬೆಂಕಿಯ ಹತ್ತಿರ ಒಯ್ಯುವಂತಿಲ್ಲ. ಆಗಿನ ಫಿಲ್ಮಿನ ಪಟ್ಟಿ ಬೇಗ ಹೊತ್ತುವ ನೈಟ್ರೇಟಿನದು, ಒಮ್ಮೆ ಹೊತ್ತಿಕೊಂಡರೆ ನೀರಿಗೂ ಆರುವುದಿಲ್ಲ.

ಇವೆಲ್ಲ ಕೈಚಳಕದಿಂದ ತಿದ್ದಬಹುದಾದ ತಪ್ಪುಗಳು. ತಿದ್ದಲಾಗದ ತಪ್ಪು ಚಿತ್ರೀಕರಣದಲ್ಲೇ ಆಗಿರುತ್ತದೆ. ಅನಿಲಿನ್ ಬಣ್ಣ ಪಾರದರ್ಶಕ. ಫ್ರೇಮಿನ ತಿಳಿ ಬೂದು, ಬಿಳಿ ಜಾಗಗಳಲ್ಲಿ ಮಾತ್ರ ಅದು ಕಾಣುತ್ತದೆ. ಕಪ್ಪಿನ ಮೇಲೆ ಎಷ್ಟು ಹಚ್ಚಿದರೂ ಕಪ್ಪೇ. ಜೊತೆಗೆ ಆಗಿನ ಫಿಲ್ಮಿಗೆ ಕೆಂಪು ಕಾಣುತ್ತಲೇ ಇರಲಿಲ್ಲ. ನೀಲಿ ಬೆಳಕಿಗೆ ಬೇಗ ಸ್ಪಂದಿಸುವ ಆ ಎಮಲ್ಷನ್‌ನಲ್ಲಿ ಕೆಂಪು ಬಟ್ಟೆ ಇದ್ದಿಲಿನಂತೆ ಕಪ್ಪಾಗಿ ಮೂಡುತ್ತದೆ, ಹಳದಿಯೂ ಮಂಕಾಗುತ್ತದೆ. ಹಾಗಾಗಿ ತೆರೆಯ ಮೇಲೆ ಉರಿಗೆಂಪು ಉಡುಪು ಬೇಕಿದ್ದರೆ ಚಿತ್ರೀಕರಣದ ದಿನ ನಟಿ ಬಿಳಿ ಅಥವಾ ತಿಳಿಬಣ್ಣದ ಉಡುಪು ತೊಟ್ಟಿರಬೇಕು. ಹಿಂದಿನ ಪರದೆ ಆ ಉಡುಪಿಗಿಂತ ಸಾಕಷ್ಟು ಗಾಢ ಇರಬೇಕು, ಇಲ್ಲವಾದರೆ ಕುಂಚ ಹಿಡಿದವಳಿಗೆ ಅಂಚೇ ಸಿಗುವುದಿಲ್ಲ. ತೋಳು ಮೈಗೆ ಅಂಟಿಕೊಂಡಿದ್ದರೆ ತೋಳಿನ ಬಣ್ಣವೂ ಸೊಂಟದ ಬಣ್ಣವೂ ಕಲೆಸಿಹೋಗುತ್ತವೆ. ಬಟ್ಟೆಯ ಮಡಿಕೆ ರಭಸವಾಗಿ ಬೀಸಿದರೆ ಆ ಫ್ರೇಮುಗಳಲ್ಲಿ ಅಂಚು ಮಸುಕಾಗಿ, ಬಣ್ಣ ಎಲ್ಲಿಗೆ ನಿಲ್ಲಿಸಬೇಕೆಂದು ಗೊತ್ತಾಗುವುದಿಲ್ಲ.

ಈಗ 1907ರ 'ಈಸ್ಟರ್ ಮೊಟ್ಟೆಗಳು' ಚಿತ್ರ ನೋಡಿ. ಜೂಲಿಯೆನ್ ನಡುವೆ ನಿಂತು ಮೊಟ್ಟೆಗಳನ್ನು ತೋರಿಸುತ್ತಾಳೆ, ಒಂದೊಂದರಿಂದ ಪುಟ್ಟ ನರ್ತಕಿಯರು ಹೊರಬರುತ್ತಾರೆ. ಆಕೆಯ ಕೈಗಳನ್ನು ಗಮನಿಸಿ. ತೋಳು ಎತ್ತಿದರೆ ಮೈಯಿಂದ ಪೂರ್ತಿ ದೂರ, ಹಿಂದಿನ ಗಾಢ ಜಾಗದ ಮೇಲೆ ಸ್ಪಷ್ಟವಾಗಿ. ಚಲನೆ ನಿಧಾನ, ಪ್ರತಿ ಭಂಗಿಯ ಕೊನೆಗೆ ಒಂದು ಕ್ಷಣ ತಂಗುವಿಕೆ. ರಂಗಭೂಮಿಯ ಜಾದೂಗಾರರ ರೂಢಿ ಇದು ಎಂದು ಹೇಳಿಬಿಡಬಹುದು, ಅದೂ ನಿಜ. ಆದರೆ ಬಣ್ಣದ ಮೇಜಿನ ಹತ್ತಿರ ಕೆಲಸ ಕಂಡವಳಿಗೆ ಯಾವ ಭಂಗಿ ಹಚ್ಚಲು ಬರುತ್ತದೆ, ಯಾವುದು ಬರುವುದಿಲ್ಲ ಎನ್ನುವುದು ಹೇಳಿಕೊಡದೆಯೇ ಗೊತ್ತಿರುತ್ತದೆ. ಆಕೆಯ ಅಭಿನಯದಲ್ಲಿ ನನಗೆ ಕಾಣುವುದು ಈ ತಿಳಿವಳಿಕೆ.

ಇನ್ನೊಂದು ಮಾತು. ವೇದಿಕೆಯ ಜಾದೂವಿನಲ್ಲಿ ಹೆಂಗಸು ಮಾಯವಾಗುವವಳು. 1896ರಲ್ಲಿ ಮೆಲಿಯೆಸ್ ತೆಗೆದ ಪ್ರಸಿದ್ಧ ಚಿತ್ರದಲ್ಲೂ ಗಂಡಸು ಬಟ್ಟೆ ಹೊದಿಸುತ್ತಾನೆ, ನಟಿ ಜೆಹಾನ್ ದಾಲ್ಸಿ ಮಾಯವಾಗುತ್ತಾಳೆ. 'ಈಸ್ಟರ್ ಮೊಟ್ಟೆಗಳು' ಚಿತ್ರದಲ್ಲಿ, 1908ರ 'ಆಧುನಿಕ ಶಿಲ್ಪಿ'ಯಲ್ಲಿ, ಜೂಲಿಯೆನ್ ಮಾಯ ಮಾಡುವವಳು. ಪರದೆ ಸರಿಸುವವಳು, ತೋರಿಸುವವಳು, ಕೊನೆಗೆ ನಮಸ್ಕರಿಸುವವಳು ಆಕೆಯೇ. 'ಆಧುನಿಕ ಶಿಲ್ಪಿ'ಯಲ್ಲಿ ಜೇಡಿಮಣ್ಣಿನ ಮುದ್ದೆ ಯಾರ ಕೈಯೂ ಕಾಣದೆ ತಾನಾಗಿ ಆಕಾರ ತಳೆಯುತ್ತದೆ. ಅದನ್ನು ನಮ್ಮ ಮುಂದೆ ಇಡುವ ಗತ್ತು ಆಕೆಯದು. ಆ ಕಾಲದ ಚಿತ್ರಗಳಲ್ಲಿ ಇದು ಸಣ್ಣ ವಿಷಯವಲ್ಲ.

ಇಬ್ಬರೂ 1905ರಲ್ಲಿ ಪ್ಯಾರಿಸ್ಸಿಗೆ ಹಿಂದಿರುಗಿದ್ದರು, ಚೊಮೋನ್‌ಗೆ ಪಾಥೆ ಕಂಪನಿಯಲ್ಲಿ ಕೆಲಸ ಸಿಕ್ಕಿತ್ತು. ಜೂಲಿಯೆನ್ ನಟಿಸಿದ ಚಿತ್ರಗಳು ಹೆಚ್ಚಾಗಿ ಅಲ್ಲಿಂದ 1909ರವರೆಗಿನವು. ಅಷ್ಟರಲ್ಲಿ ಪಾಥೆ ಕುಂಚ ಬಿಟ್ಟು ಸ್ಟೆನ್ಸಿಲ್ ಹಿಡಿದಿತ್ತು. ನಮ್ಮ ರಂಗೋಲಿ ಅಚ್ಚಿನ ತಗಡಿನದೇ ತತ್ವ: ಬಣ್ಣ ಬೀಳಬೇಕಾದಲ್ಲಿ ತೂತು, ಉಳಿದೆಡೆ ಮುಚ್ಚಳ. ಒಂದೊಂದು ಬಣ್ಣಕ್ಕೂ ಒಂದೊಂದು ಪ್ರಿಂಟನ್ನು ಬಲಿ ಕೊಟ್ಟು, ಪ್ರತಿ ಫ್ರೇಮಿನಲ್ಲೂ ಆ ಬಣ್ಣದ ಜಾಗವನ್ನಷ್ಟೇ ಕತ್ತರಿಸಿ ತೆಗೆಯುತ್ತಿದ್ದರು. ಮೊದಮೊದಲು ಕೈಯಲ್ಲಿ ಹಿಡಿದ ಚೂಪು ಬ್ಲೇಡಿನಿಂದ. ಆಮೇಲೆ ಚಿತ್ರವನ್ನು ಗಾಜಿನ ಮೇಲೆ ದೊಡ್ಡದಾಗಿ ಬೀಳಿಸಿ, ಅಲ್ಲಿ ಗೆರೆಯ ಮೇಲೆ ಕಡ್ಡಿ ಓಡಿಸಿದರೆ ಇತ್ತ ವಿದ್ಯುತ್ತಿನಿಂದ ಕಂಪಿಸುವ ಸೂಜಿ ಫಿಲ್ಮನ್ನು ಅದೇ ಆಕಾರದಲ್ಲಿ ಸಣ್ಣದಾಗಿ ಕತ್ತರಿಸುವ ಯಂತ್ರದಿಂದ. ಕತ್ತರಿಸಿ ಮುಗಿದ ಮೇಲೆ ಎಮಲ್ಷನ್ ತೊಳೆದು ತೆಗೆದರೆ ಸ್ಟೆನ್ಸಿಲ್ ಸಿದ್ಧ. ಹಲ್ಲುಗಳಿರುವ ಉರುಳೆಯ ಮೇಲೆ ಪ್ರಿಂಟು, ಅದರ ಮೇಲೆ ಸ್ಟೆನ್ಸಿಲ್, ಮೇಲಿನಿಂದ ಬಣ್ಣದಲ್ಲಿ ನೆನೆದ ಮಖಮಲ್ಲಿನ ಪಟ್ಟಿ ಸವರುತ್ತ ಹೋಗುತ್ತದೆ. ಕತ್ತರಿಸುವ ಶ್ರಮ ಒಮ್ಮೆ, ಪ್ರಿಂಟು ಎಷ್ಟಾದರೂ. ವಾನ್ಸೆನ್‌ನ ಪಾಥೆ ಕಾರ್ಖಾನೆಯಲ್ಲಿ ಈ ಕೆಲಸಕ್ಕೆ ನೂರಾರು ಹೆಣ್ಣುಮಕ್ಕಳಿದ್ದರು.

ಸ್ಟೆನ್ಸಿಲ್ಲಿಗೆ ಅದರದೇ ಆದ ಕಾಟಗಳು. ಮುಖದ ಸುತ್ತ ಇರುವ ಮುಸುಕಿಗೆ ನೀಲಿ ಬೇಕು, ಮುಖಕ್ಕೆ ಬೇಡ ಎಂದುಕೊಳ್ಳಿ. ಮುಸುಕಿನ ಭಾಗ ಕತ್ತರಿಸಿದರೆ ನಡುವಿನ ಮುಖದ ತುಂಡಿಗೆ ಆಸರೆ ಇಲ್ಲದೆ ಉದುರಿಹೋಗುತ್ತದೆ. ಒಂದು ಸಣ್ಣ ಸೇತುವೆ ಉಳಿಸಬೇಕು, ಇಲ್ಲವೇ ಮುಸುಕನ್ನು ಎರಡು ಸ್ಟೆನ್ಸಿಲ್ಲುಗಳಿಗೆ ಹಂಚಬೇಕು. ಸೂಜಿಯ ತಿರುವಿನಲ್ಲಿ ಚೂಪು ಮೂಲೆ ಬಿದ್ದರೆ ಅಲ್ಲಿಂದಲೇ ಹರಿಯುತ್ತದೆ. ನೈಟ್ರೇಟ್ ಒಣಗುತ್ತ ಕುಗ್ಗುವ ವಸ್ತು. ಸ್ಟೆನ್ಸಿಲ್ ಹಳೆಯದು, ಪ್ರಿಂಟು ಹೊಸದು ಎಂದಾದರೆ ಎರಡರ ಅಂಚಿನಲ್ಲಿ ಉರುಳೆಯ ಹಲ್ಲು ಕೂರುವ ತೂತುಗಳು ಸರಿಯಾಗಿ ಹೊಂದುವುದಿಲ್ಲ. ಬಣ್ಣ 0.2 ಮಿಲಿಮೀಟರ್ ಸರಿದರೂ ನಾಲ್ಕು ಮೀಟರ್ ಅಗಲದ ತೆರೆಯ ಮೇಲೆ ಅದು ಮೂರು ಸೆಂಟಿಮೀಟರಿಗೂ ಮಿಕ್ಕ ಜಾರುವಿಕೆ. ಹಸಿರು ಅಂಗಿಯ ಹಸಿರು ಪಕ್ಕದ ಗಾಳಿಯಲ್ಲಿ ತೇಲುತ್ತಿರುವ ಹಳೆಯ ಪ್ರಿಂಟುಗಳನ್ನು ನೋಡಿದವರಿಗೆ ಇದರ ಅರ್ಥ ತಟ್ಟನೆ ಆಗುತ್ತದೆ.

ಬಣ್ಣದ ಮಾತು ಇಷ್ಟು. ಇನ್ನು ಆಕೆಯ ಎರಡನೆಯ ವಿದ್ಯೆ, ಅಲ್ಲಾಡದೆ ಇರುವುದು.

1908ರ 'ವಿದ್ಯುತ್ ಹೋಟೆಲು', ಸ್ಪ್ಯಾನಿಷಿನಲ್ಲಿ 'ಎಲ್ ಓತೆಲ್ ಎಲೆಕ್ತ್ರಿಕೊ', ಆಕೆಯ ಅತಿ ಹೆಚ್ಚು ನೋಡಿದ ಚಿತ್ರ. ಗಂಡ ಹೆಂಡತಿ ಒಂದು ಹೋಟೆಲಿಗೆ ಬರುತ್ತಾರೆ. ಗಂಡನಾಗಿ ಚೊಮೋನ್ ತಾನೇ ಕಾಣಿಸಿಕೊಂಡಿದ್ದಾನೆ. ಅಲ್ಲಿ ಸೂಟ್‌ಕೇಸುಗಳು ತಾವೇ ಲಿಫ್ಟಿಗೆ ಹತ್ತಿ, ತಾವೇ ಕೋಣೆಗೆ ಬಂದು, ತಾವೇ ತೆರೆದುಕೊಳ್ಳುತ್ತವೆ. ಬ್ರಷ್ಷು ಬಂದು ಗಂಡನ ಬೂಟು ಉಜ್ಜುತ್ತದೆ. ಹೆಂಡತಿ ಕುರ್ಚಿಯಲ್ಲಿ ಕೂತರೆ ಬ್ರಷ್ಷು ತಾನಾಗಿ ಆಕೆಯ ಕೂದಲ ಮೇಲೆ ಓಡುತ್ತದೆ, ಕೂದಲು ತಾನೇ ಸಿಂಗಾರಗೊಳ್ಳುತ್ತದೆ. ಗಂಡನ ಗಡ್ಡ ಹೆರೆಯುವುದಾಗುತ್ತದೆ, ಲೇಖನಿ ತಾನೇ ಪತ್ರ ಬರೆಯುತ್ತದೆ. ಕೊನೆಗೆ ಯಂತ್ರದ ಕೋಣೆಯಲ್ಲಿ ಕುಡುಕನೊಬ್ಬ ಸನ್ನೆಗಳನ್ನು ಹೇಗೆ ಬೇಕೋ ಹಾಗೆ ಎಳೆದು ಇಡೀ ಹೋಟೆಲು ತಲೆಕೆಳಗಾಗುತ್ತದೆ.

ಸೂಟ್‌ಕೇಸು ಚಲಿಸುವುದಕ್ಕಿಂತ ಕೂದಲು ಚಲಿಸುವುದು ಎಷ್ಟೋ ಪಾಲು ಕಷ್ಟ. ಯಾಕೆಂದರೆ ಸೂಟ್‌ಕೇಸಿಗೆ ಉಸಿರಿಲ್ಲ.

ಕ್ಯಾಮೆರಾದ ಹಿಡಿಕೆಯನ್ನು ಒಂದು ಸುತ್ತು ತಿರುಗಿಸಿದರೆ ಎಂಟು ಫ್ರೇಮು. ಸೆಕೆಂಡಿಗೆ ಎರಡು ಸುತ್ತು, ಹದಿನಾರು ಫ್ರೇಮು. ವಸ್ತು ತಾನೇ ಚಲಿಸುವಂತೆ ತೋರಿಸಲು ಒಂದು ಸುತ್ತಿಗೆ ಒಂದೇ ಫ್ರೇಮು ಸಾಗುವಂತೆ ಹಿಡಿಕೆಯನ್ನು ಬೇರೆ ಅಚ್ಚಿಗೆ ಸಿಕ್ಕಿಸುತ್ತಾರೆ. ಒಂದು ಫ್ರೇಮು ತೆಗೆ, ನಿಲ್ಲಿಸು, ಬ್ರಷ್ಷನ್ನು ಒಂದು ಬೆರಳಗಲ ಸರಿಸು, ಕೈ ಹಿಂದೆ ತೆಗೆದುಕೊ, ಮತ್ತೊಂದು ಫ್ರೇಮು. ಇಪ್ಪತ್ತು ಸೆಕೆಂಡಿನ ದೃಶ್ಯಕ್ಕೆ 320 ಫ್ರೇಮು ಬೇಕು. ಎರಡು ಫ್ರೇಮಿಗೊಮ್ಮೆ ಸರಿಸಿದರೂ 160 ಸಲ. ಸಲಕ್ಕೆ ಅರ್ಧ ನಿಮಿಷ ಹಿಡಿದರೆ ಒಂದು ಗಂಟೆ ಇಪ್ಪತ್ತು ನಿಮಿಷ. ಅಷ್ಟು ಹೊತ್ತು ಕುರ್ಚಿಯಲ್ಲಿ ಕೂತ ಹೆಂಗಸು ಇಪ್ಪತ್ತು ಸೆಕೆಂಡು ಮಾತ್ರ ಕೂತಂತೆ ಕಾಣಬೇಕು.

ಏನೇನು ಕೆಡಬಹುದು? ಮೊದಲನೆಯದು ಉಸಿರು. ಒಂದು ಫ್ರೇಮು ಉಸಿರೆಳೆದಾಗ, ಇನ್ನೊಂದು ಬಿಟ್ಟಾಗ ತೆಗೆದರೆ ತೆರೆಯ ಮೇಲೆ ಎದೆ ಪಟಪಟ ಬಡಿದುಕೊಳ್ಳುತ್ತದೆ. ಉಸಿರು ಪೂರ್ತಿ ಬಿಟ್ಟ ಆ ಕ್ಷಣದಲ್ಲೇ ಪ್ರತಿ ಸಲವೂ ಹಿಡಿಕೆ ತಿರುಗಬೇಕು, ಅಂದರೆ ನಟಿ ಮತ್ತು ಹಿಡಿಕೆಯವನ ನಡುವೆ ತಾಳ ಕೂಡಿರಬೇಕು. ಎರಡನೆಯದು ಕಣ್ಣು: ರೆಪ್ಪೆ ಬಡಿಯುವುದನ್ನು ಫ್ರೇಮುಗಳ ನಡುವಿನ ಬಿಡುವಿಗೆ ಇಟ್ಟುಕೊಂಡು, ನೋಟವನ್ನು ಒಂದು ಬಿಂದುವಿಗೆ ನೆಡಬೇಕು. ಮೂರನೆಯದು ಯಾರಿಗೂ ಆಗ ಗೊತ್ತಾಗದಂಥದ್ದು. ಕೂತವರ ಬೆನ್ನು ನಿಮಿಷ ನಿಮಿಷಕ್ಕೆ ಕೂದಲೆಳೆಯಷ್ಟು ಕುಸಿಯುತ್ತದೆ. ಸೆಟ್‌ನಲ್ಲಿ ಕಾಣದ ಈ ಕುಸಿತ ತೆರೆಯ ಮೇಲೆ ಇಪ್ಪತ್ತು ಸೆಕೆಂಡಿಗೆ ಅಡಕವಾದಾಗ ನಟಿ ಕರಗಿ ಕೆಳಗಿಳಿಯುತ್ತಿರುವಂತೆ ತೋರುತ್ತದೆ. ಕೂದಲಿನ ಸಮಸ್ಯೆ ಬೇರೆ. ಬ್ರಷ್ಷಿನ ಹಲ್ಲು ಕೂದಲಲ್ಲಿ ಸಿಕ್ಕಿ ನಿಲ್ಲುವವರೆಗೆ ಸರಿ. ಗಾಳಿಯಲ್ಲಿರುವಾಗ ಕಾಣದ ದಾರದ ಆಸರೆ ಬೇಕು. ಸರಿಸಿದ ಎಳೆ ಮುಂದಿನ ಫ್ರೇಮಿನ ಹೊತ್ತಿಗೆ ಜಾರಿದರೆ ಜಿಗಿತ ಕಾಣುತ್ತದೆ. ಸರಿಸುವವನ ಬೆರಳು ಹಣೆ ತಾಕಿ ತಲೆ ಒಂದಿಷ್ಟು ವಾಲಿದರೂ ಮುಗಿಯಿತು, ಹಿಂದಿನ ಜಾಗಕ್ಕೆ ಅದನ್ನು ತರಲು ಅಳತೆಗೋಲೇ ಇಲ್ಲ. ಆಗ ಮಾನಿಟರ್ ಇಲ್ಲ, ಹಿಂದಿನ ಫ್ರೇಮನ್ನು ನೋಡುವ ದಾರಿ ಇಲ್ಲ. ಫಿಲ್ಮು ತೊಳೆದ ಮೇಲೆಯೇ ಫಲಿತಾಂಶ.

ಬೆಳಕೂ ಸುಮ್ಮನಿರುವುದಿಲ್ಲ. ಪಾಥೆಯ ಸ್ಟುಡಿಯೋಗಳು ಗಾಜಿನ ಚಾವಣಿಯವು. ಸೂರ್ಯ ಗಂಟೆಗೆ ಹದಿನೈದು ಡಿಗ್ರಿ ಸರಿಯುತ್ತಾನೆ. ಎಂಬತ್ತು ನಿಮಿಷದಲ್ಲಿ ಇಪ್ಪತ್ತು ಡಿಗ್ರಿ. ಬಿಸಿಲಿನ ನೆರಳು ಗೋಡೆಯ ಮೇಲೆ ತೆವಳುತ್ತದೆ, ಮೋಡ ಬಂದರೆ ಇಡೀ ಚಿತ್ರ ಮಿಣುಕುತ್ತದೆ. ಕೈಯಿಂದ ಒಂದೊಂದೇ ಫ್ರೇಮು ತೆಗೆಯುವಾಗ ಒಂದು ಸುತ್ತು ನಿಧಾನ, ಇನ್ನೊಂದು ಜೋರು ಆದರೂ ಫ್ರೇಮುಗಳ ಹೊಳಪು ಬೇರೆಬೇರೆಯಾಗುತ್ತದೆ. ಆ ಚಿತ್ರದಲ್ಲಿ ಸಣ್ಣ ಮಿಣುಕು ಕಂಡರೆ ಕಾರಣ ಇವೆರಡರಲ್ಲೊಂದು. ಇಷ್ಟರ ನಡುವೆ ಜೂಲಿಯೆನ್ ಕೂತ ರೀತಿ ನೋಡಿ. ತನ್ನ ತಲೆಯ ಮೇಲೆ ನಡೆಯುತ್ತಿರುವುದರಲ್ಲಿ ಖುಷಿ ಪಡುವ ಹೆಂಗಸೊಬ್ಬಳು ಅಲ್ಲಿದ್ದಾಳೆ. ಬರೀ ಗೊಂಬೆಯಂತೆ ಕೂತಿದ್ದರೆ ಚಮತ್ಕಾರ ಉಳಿಯುತ್ತಿತ್ತು, ಹಾಸ್ಯ ಉಳಿಯುತ್ತಿರಲಿಲ್ಲ. ಮುಖದಲ್ಲಿ ಒಂದು ಭಾವ ಹಿಡಿದು ಅದನ್ನು ಗಂಟೆಗಟ್ಟಲೆ ಹಳಸದಂತೆ ಕಾಯುವುದು ಅಭಿನಯವಲ್ಲದೆ ಮತ್ತೇನು?

1907ರ 'ಕೆಂಪು ಭೂತ', ಫ್ರೆಂಚಿನಲ್ಲಿ 'ಲ ಸ್ಪೆಕ್ತ್ರ್ ರೂಜ್', ಇನ್ನೊಂದು ಬಗೆಯ ಪರೀಕ್ಷೆ. ಗುಹೆಯೊಳಗಿನ ಅಸ್ಥಿಪಂಜರದ ವೇಷದ ಮಾಯಾವಿ ಹೆಂಗಸರನ್ನು ಬೆಂಕಿಯಲ್ಲಿ ತೇಲಿಸುತ್ತಾನೆ, ಕುಗ್ಗಿಸಿ ಗಾಜಿನ ಬಾಟಲಿಗಳಲ್ಲಿ ತುಂಬುತ್ತಾನೆ. ಜೂಲಿಯೆನ್ ಇಲ್ಲಿ ಆತನಿಗೆ ಅಡ್ಡ ಬಂದು ಕೊನೆಗೆ ಸೋಲಿಸುವ ಒಳ್ಳೆಯ ಶಕ್ತಿ. ಬಾಟಲಿಯ ದೃಶ್ಯದಲ್ಲಿ ಮಾಯಾವಿ ಕ್ಯಾಮೆರಾಕ್ಕೆ ತೀರ ಹತ್ತಿರ ಬರುತ್ತಾನೆ. ಇಂಥದ್ದಕ್ಕೆ ಒಂದೇ ಫಿಲ್ಮನ್ನು ಎರಡು ಮೂರು ಸಲ ಕ್ಯಾಮೆರಾದಲ್ಲಿ ಓಡಿಸುತ್ತಾರೆ. ಮೊದಲ ಸಲ ಮಾಯಾವಿ, ಬಾಟಲಿಯ ಒಳಭಾಗ ಕಪ್ಪು. ಕಪ್ಪಿನಿಂದ ಬೆಳಕು ಬರುವುದಿಲ್ಲವಾದ್ದರಿಂದ ಅಲ್ಲಿ ಫಿಲ್ಮು ಇನ್ನೂ ಹೊಸದೇ. ಲೆನ್ಸ್ ಮುಚ್ಚಿ, ಹಿಡಿಕೆಯ ಸುತ್ತುಗಳನ್ನು ಎಣಿಸುತ್ತ ಅಷ್ಟೇ ಹಿಂದಕ್ಕೆ ಸುತ್ತಿ, ಎರಡನೆಯ ಸಲ ಕಪ್ಪು ಮಖಮಲ್ಲಿನ ಮುಂದೆ ನಿಂತ ಹೆಂಗಸನ್ನು ದೂರದಿಂದ ತೆಗೆಯಬೇಕು.

ಎಷ್ಟು ದೂರ ಎನ್ನುವುದು ಬರೀ ಗುಣಾಕಾರ. ಬಾಟಲಿ ಲೆನ್ಸಿನಿಂದ ಎರಡು ಮೀಟರಿನಲ್ಲಿದೆ, ಅದರೊಳಗಿನ ಹೆಂಗಸು 25 ಸೆಂಟಿಮೀಟರ್ ಕಾಣಬೇಕು, ನಿಜದಲ್ಲಿ 160 ಸೆಂಟಿಮೀಟರ್ ಎತ್ತರದವಳು ಎಂದಿಟ್ಟುಕೊಂಡರೆ ಆಕೆ 6.4 ಪಟ್ಟು ದೂರ, ಅಂದರೆ ಹದಿಮೂರು ಮೀಟರಿನ ಆಸುಪಾಸು ನಿಲ್ಲಬೇಕು. ಅಲ್ಲಿಂದ ಆಕೆಗೆ ಬಾಟಲಿಯೂ ಕಾಣದು, ಮಾಯಾವಿಯೂ ಕಾಣನು. ನೆಲದ ಮೇಲಿನ ಗುರುತಿನಿಂದ ಒಂದು ಹೆಜ್ಜೆ ಆಚೆ ಹೋದರೆ ತೋಳು ಗಾಜಿನಿಂದ ಹೊರಬರುತ್ತದೆ. ಮಾಯಾವಿ ಬಾಟಲಿ ತೋರಿಸುವ ಹೊತ್ತಿಗೆ ಆಕೆ ತಿರುಗಬೇಕೆಂದರೆ ಎರಡೂ ಚಿತ್ರೀಕರಣಗಳಲ್ಲಿ ಒಂದೇ ಎಣಿಕೆ ನಡೆಯಬೇಕು. ಮಖಮಲ್ಲಿನ ಮೇಲೆ ಧೂಳು ಕೂತಿದ್ದರೆ ಅದು ಬೂದಾಗಿ ಮೂಡಿ ಇಡೀ ಚಿತ್ರದ ಮೇಲೆ ಮಬ್ಬು ಕವಿಯುತ್ತದೆ. ಕ್ಯಾಮೆರಾ ಎರಡು ಸಲಗಳ ನಡುವೆ ಎಳ್ಳಷ್ಟು ಅಲುಗಿದರೂ ಬಾಟಲಿ ಒಂದೆಡೆ, ಹೆಂಗಸು ಇನ್ನೊಂದೆಡೆ ನಡುಗುತ್ತಾಳೆ.

ಮಾಯವಾಗುವ, ಬದಲಾಗುವ ದೃಶ್ಯಗಳು ಸುಲಭ ಎಂದುಕೊಳ್ಳುವವರಿಗೆ ಒಂದು ಮಾತು. ಕ್ಯಾಮೆರಾ ನಿಲ್ಲಿಸಿ, ವಸ್ತು ಬದಲಾಯಿಸಿ, ಮತ್ತೆ ಶುರು ಮಾಡುವುದಷ್ಟೇ ಅಲ್ಲಿಯ ಕೆಲಸವಲ್ಲ. ಹಿಡಿಕೆ ನಿಲ್ಲುವಾಗಲೂ ಮತ್ತೆ ವೇಗ ಹಿಡಿಯುವಾಗಲೂ ಫ್ರೇಮುಗಳಿಗೆ ಬೆಳಕು ಹೆಚ್ಚು ಬೀಳುತ್ತದೆ, ತೆರೆಯ ಮೇಲೆ ಬಿಳಿ ಮಿಂಚು ಹೊಡೆಯುತ್ತದೆ. ಆ ಕೆಲವು ಫ್ರೇಮುಗಳನ್ನು ಕತ್ತರಿಸಿ ಎರಡು ತುದಿಗಳನ್ನು ಅಂಟಿಸಬೇಕು. ಆದ್ದರಿಂದ ನಟಿ ನಿಲುಗಡೆಯ ಹೊತ್ತಷ್ಟೇ ಅಲ್ಲ, ಅದರ ಹಿಂದಿನ ಮುಂದಿನ ಒಂದೊಂದು ಸೆಕೆಂಡೂ ಭಂಗಿ ಹಿಡಿದಿರಬೇಕು. ಜೂಲಿಯೆನ್ ಪ್ರತಿ ಚಮತ್ಕಾರದ ಮುಂಚೆ ತೋಳು ಚಾಚಿ ತಂಗುವುದು ಎಡಿಟಿಂಗ್ ಮೇಜಿಗೂ ಒದಗಿಸಿದ ಅನುಕೂಲ.

1910ರಲ್ಲಿ ಸಂಸಾರ ಮತ್ತೆ ಬಾರ್ಸಿಲೋನಾಕ್ಕೆ ಬಂತು. ಜುವಾನ್ ಫುಸ್ತೆರ್ ಜೊತೆ ಸೇರಿ ಚೊಮೋನ್ ಸ್ವಂತ ಕಂಪನಿ ಕಟ್ಟಿದ; ಅದು ಹೆಚ್ಚು ಕಾಲ ನಡೆಯಲಿಲ್ಲ. 1912ರಲ್ಲಿ ಇಟಲಿಯ ತೂರಿನ್‌ಗೆ, ಇತಾಲಾ ಫಿಲ್ಮ್ ಕಂಪನಿಗೆ ಹೋದ. ಜೊವಾನ್ನಿ ಪಾಸ್ತ್ರೋನೆಯ 1914ರ 'ಕಬೀರಿಯಾ' ಚಿತ್ರದ ಕ್ಯಾಮೆರಾ ಕೆಲಸದಲ್ಲಿ ಆತನ ಕೈಯಿದೆ. ಜೂಲಿಯೆನ್ ಅಷ್ಟರಲ್ಲಿ ತೆರೆಯಿಂದ ಸರಿದಿದ್ದಳು. ಉದ್ದ ಕಥಾಚಿತ್ರಗಳ ಕಾಲ ಬಂದಿತ್ತು. ಮೂರೋ ಐದೋ ನಿಮಿಷದ ಚಮತ್ಕಾರದ ಚಿತ್ರಗಳಿಗೆ ಬೇಡಿಕೆ ಕುಸಿದಿತ್ತು, ಅವುಗಳ ಜೊತೆಗೇ ಆ ಬಗೆಯ ನಟಿಯ ಕೆಲಸವೂ ಹೋಯಿತು. ಚೊಮೋನ್ 1929ರಲ್ಲಿ ಪ್ಯಾರಿಸ್ಸಿನಲ್ಲಿ ತೀರಿಕೊಂಡ. ಜೂಲಿಯೆನ್ 1943ರಲ್ಲಿ, ತೂರಿನ್ ಪಕ್ಕದ ಕಿಯೇರಿಯಲ್ಲಿ.

ಆಕೆಯ ಹೆಸರು ಇಷ್ಟು ಮಸುಕಾಗಲು ಒಂದು ಕಾರಣ ತೀರ ಸರಳ. ಆಗಿನ ಪಾಥೆ ಚಿತ್ರಗಳಲ್ಲಿ ನಟನಟಿಯರ ಹೆಸರೇ ಇರುತ್ತಿರಲಿಲ್ಲ, ನಿರ್ದೇಶಕನದೂ ಇಲ್ಲ. ಇದ್ದದ್ದು ಕಂಪನಿಯ ಹುಂಜದ ಗುರುತು. ಕಂಪನಿಯ ಕ್ಯಾಟಲಾಗ್ ಚಿತ್ರವನ್ನು ಮೀಟರ್ ಲೆಕ್ಕದಲ್ಲಿ ಮಾರುತ್ತಿತ್ತು. ಯಾರು ಯಾರು ಎಂಬುದನ್ನು ಮುಂದಿನವರು ಮುಖ ಹೋಲಿಸಿ ಗುರುತಿಸಬೇಕಾಯಿತು. ಹೀಗಾಗಿ ಅಂತರ್ಜಾಲದಲ್ಲಿ ಆಕೆಯ ಚಿತ್ರಗಳನ್ನು ಹುಡುಕುವವರು ಎರಡು ಮೂರು ಸಂಗತಿ ನೆನಪಿಟ್ಟುಕೊಳ್ಳಬೇಕು. 'ವಿದ್ಯುತ್ ಹೋಟೆಲು' 1905ರದ್ದು ಎಂದು ಹಲವೆಡೆ ಇದೆ, 1908 ಸರಿ. ಚೊಮೋನ್‌ನ ಚಿತ್ರಗಳನ್ನು ಮೆಲಿಯೆಸ್‌ನವು ಎಂದು ಹೆಸರು ಹಚ್ಚಿ ಹಾಕಿದ್ದೂ ಉಂಟು. ಸೆಟ್‌ನ ಮೂಲೆಯಲ್ಲಿ ಪಾಥೆಯ ಹುಂಜ ಕಂಡರೆ ಮೆಲಿಯೆಸ್ ಎಂಬ ಮಾತು ಬಿಡಿ.

ಪ್ರತಿ ಆರಿಸುವಾಗ ವೇಗವನ್ನು ನೋಡಿ. ಸೆಕೆಂಡಿಗೆ ಹದಿನಾರು ಫ್ರೇಮಿಗೆ ತೆಗೆದದ್ದನ್ನು ಇಪ್ಪತ್ತನಾಲ್ಕಕ್ಕೆ ಓಡಿಸಿದರೆ ಎಲ್ಲವೂ ಒಂದೂವರೆ ಪಟ್ಟು ಜೋರು. ನಡೆಯುವವರು ಕುಪ್ಪಳಿಸುತ್ತಾರೆ, ಜೂಲಿಯೆನ್‌ಳ ತಂಗುವಿಕೆಗಳೆಲ್ಲ ಕಣ್ಣಿಗೆ ಸಿಗದೆ ಹೋಗುತ್ತವೆ. ವಿಡಿಯೋ ವೇಗವನ್ನು 0.75ಕ್ಕೆ ಇಳಿಸಿದರೆ ಹದಿನೆಂಟು ಫ್ರೇಮಿನ ಹತ್ತಿರ ಬರುತ್ತದೆ, ಸಾಕಷ್ಟು ಸರಿಯೆನಿಸುತ್ತದೆ. 'ಕೆಂಪು ಭೂತ'ದ ಕಪ್ಪು-ಬಿಳುಪು ಪ್ರತಿಗಿಂತ ಸ್ಟೆನ್ಸಿಲ್ ಬಣ್ಣದ ಪ್ರತಿ ಹುಡುಕಿ ನೋಡಿ. ಅದರಲ್ಲಿ ಉಡುಪಿನ ಅಂಚು ಎಲ್ಲಿ ಕದಲುತ್ತದೆ, ಎಲ್ಲಿ ನಿಲ್ಲುತ್ತದೆ ಎಂದು ಒಂದೇ ಜಾಗಕ್ಕೆ ಕಣ್ಣಿಟ್ಟು ನೋಡಿದರೆ, ನಟಿ ನಿಂತಲ್ಲೆಲ್ಲ ಬಣ್ಣ ಗಟ್ಟಿಯಾಗಿ ಕೂತಿರುವುದೂ ಆಕೆ ಬೀಸಿ ನಡೆದಲ್ಲಿ ಚದುರುವುದೂ ಬರಿಗಣ್ಣಿಗೇ ಕಾಣುತ್ತದೆ.